ಬೇಲಿಗೆ ಹಬ್ಬಿದ ಜಪಾನು

ಕುಲಗೋಡದ ಜನ ಬೇಲಿಗೆ ಮುಳ್ಳು ಹಚ್ಚಿದ್ದಾರೆ, ತಂತಿ ಎಳೆದಿದ್ದಾರೆ, ಹರಕು ಸೀರೆ ಕಟ್ಟಿದ್ದಾರೆ. ತೀರಾ ಮನಸ್ಸು ಬಂದರೆ ಹೀರೆಬಳ್ಳಿ ಹಬ್ಬಿಸಿದ್ದಾರೆ. ಆದರೆ ಜಪಾನನ್ನು ಹಬ್ಬಿಸಿದವರು ಇದುವರೆಗೆ ಯಾರೂ ಇಲ್ಲ. ಆ ಕೆಲಸವನ್ನು ತಾವು ಮಾಡುವುದಾಗಿ ಖಾದರಬಾಷಾ ಜೂನ್ ತಿಂಗಳ ಮೊದಲ ಮಳೆ ಬಿದ್ದ ಮರುದಿನ, ಬೆಳಗಿನ ಚಹಾದ ಹೊತ್ತಿಗೆ ಘೋಷಿಸಿದರು.

ಘೋಷಣೆ ಅವರಿಗೆ ಹೊಸದಲ್ಲ. ಗೋಕಾಕದ ಬಸ್ ನಿಲ್ದಾಣದಲ್ಲಿ ಮೂವತ್ತೊಂದು ವರ್ಷ ಕಂಟ್ರೋಲರ್ ಆಗಿದ್ದವರು. ಯಾವ ಬಸ್ಸು ಎಲ್ಲಿ ನಿಲ್ಲುತ್ತದೆ ಎಂದು ಅವರು ಮೈಕಿನಲ್ಲಿ ಒಮ್ಮೆ ಹೇಳಿದರೆ ಮುಗಿಯಿತು. ಬಸ್ಸು ಬೇರೆ ಕಡೆ ನಿಂತಿದ್ದರೆ ಅದು ಬಸ್ಸಿನ ತಪ್ಪು. ಪೇಟೆಯಲ್ಲೇ ಹುಟ್ಟಿ ಪೇಟೆಯಲ್ಲೇ ನೌಕರಿ ಮುಗಿಸಿ, ನಿವೃತ್ತಿಯ ಮೇಲೆ ಕುಲಗೋಡದಲ್ಲಿ ಮನೆ ಕಟ್ಟಿಸಿಕೊಂಡು ಎರಡು ವರ್ಷವಾಗಿತ್ತು. ಮೈಕು ಗೋಕಾಕದಲ್ಲೇ ಉಳಿದಿತ್ತು. ದನಿ ಮಾತ್ರ ಜೊತೆಗೆ ಬಂದಿತ್ತು.

"ಇಲ್ಲಿ ನೋಡು," ಎಂದು ಹೆಂಡತಿ ಸುಲ್ತಾನಾಬಿಯ ಮುಂದೆ ಫೋನು ಹಿಡಿದರು. ಫೋನಿನಲ್ಲಿ ಒಂದು ಉದ್ದನೆಯ ಬೇಲಿ. ಬೇಲಿಯ ತುಂಬ ನೇರಳೆ ಹೂವಿನ ಗೊಂಚಲುಗಳು ದ್ರಾಕ್ಷಿಯ ಹಾಗೆ ಜೋತು ಬಿದ್ದಿದ್ದವು. ಬೇಲಿಯ ಆಚೆ ಏನಿದೆ ಎಂಬುದು ಸ್ವಲ್ಪವೂ ಕಾಣುತ್ತಿರಲಿಲ್ಲ.

"ಇದಕ್ಕ ವಿಸ್ಟೇರಿಯಾ ಅಂತಾರ."

"ಮಲೇರಿಯಾ ಕೇಳೇನಿ. ಫೈಲೇರಿಯಾ ಕೇಳೇನಿ. ಇದು ಯಾವ ಜಡ್ಡು?"

"ಜಡ್ಡಲ್ಲ, ಬಳ್ಳಿ. ಜಪಾನಿಂದು. ನಮ್ಮ ಬೇಲಿಗೆ ಹಬ್ಬಸ್ತೇನಿ."

"ಯಾಕ?"

ಯಾಕೆ ಎಂಬುದು ಬೇಲಿಯ ಆಚೆ ಇತ್ತು. ಆಚೆ ಇದ್ದದ್ದು ಶಿದ್ಲಿಂಗಪ್ಪನ ತಿಪ್ಪೆ. ಶಿದ್ಲಿಂಗಪ್ಪ ನಾಲ್ಕು ಎಕರೆ ಕಬ್ಬು, ಮೂರು ಎಮ್ಮೆಗಳ ಒಕ್ಕಲಿಗ. ಅವನ ಹೆಂಡತಿ ಶೆಟ್ಟೆವ್ವ ದಿನಾ ಹಾಲು, ವಾರಕ್ಕೊಮ್ಮೆ ಮಜ್ಜಿಗೆ ಬೇಲಿಯ ಮೇಲಿಂದ ದಾಟಿಸುವವಳು. ಅಂಥವರಿಗೆ ನಿಮ್ಮ ತಿಪ್ಪೆ ಎತ್ತಿರಿ ಎನ್ನಲು ಬಾಯಿ ಬರುವುದಿಲ್ಲ. ಆದರೆ ಖಾದರಬಾಷಾರ ಮಗಳು ಸಾಹಿರಾಳನ್ನು ನೋಡಲು ಬಂದ ಎರಡು ಕಡೆಯವರೂ ಅಂಗಳದಲ್ಲಿ ಕೂತು, ಎದುರಿನ ತಿಪ್ಪೆಯನ್ನು ನೋಡಿ, ಚಹಾ ಕುಡಿದು ಹೋದವರು ಮತ್ತೆ ಬಂದಿರಲಿಲ್ಲ. ಎರಡೂ ಸಂಬಂಧ ತಪ್ಪಿದ್ದು ತಿಪ್ಪೆಯಿಂದಲೇ ಎಂದು ಖಾದರಬಾಷಾ ತೀರ್ಮಾನಿಸಿದ್ದರು. ನಿಜ ಹೇಳಬೇಕೆಂದರೆ ಎರಡನ್ನೂ ಬೇಡ ಎಂದವಳು ಸಾಹಿರಾ. ಅವಳು ಮೂಡಲಗಿಯ ಒಂದು ಹೈಸ್ಕೂಲಿನಲ್ಲಿ ಗಣಿತ ಕಲಿಸುತ್ತಿದ್ದಳು. ಮೊದಲನೆಯವನು ನೌಕರಿ ಬಿಡು ಎಂದ. ಎರಡನೆಯವನು ಒಂದು ತಾಸು ಕೂತು ಐವತ್ತು ನಿಮಿಷ ತನ್ನ ಫೋನು ನೋಡಿದ. ಇದನ್ನು ಅವಳು ಅಪ್ಪನಿಗೆ ಬಿಡಿಸಿ ಹೇಳಿದ್ದಳು. ಆದರೆ ತೀರ್ಮಾನ ಆಗಲೇ ಮೈಕಿನಲ್ಲಿ ಹೋಗಿಬಿಟ್ಟಿತ್ತು.

ಮುಂದಿನ ಸಂತೆಯ ದಿನ ಖಾದರಬಾಷಾ ಮೂಡಲಗಿಗೆ ಹೋದರು. ಸಂತೆಯ ಮೂಲೆಯಲ್ಲಿ ಕೇದಾರಿ ಎಂಬವನು ಗಿಡ, ಬೀಜ, ಬೇರು ಮಾರುತ್ತ ಕೂರುತ್ತಿದ್ದ.

"ವಿಸ್ಟೇರಿಯಾ ಐತೇನು?"

"ಐತ್ರಿ," ಎಂದ ಕೇದಾರಿ, ಹೆಸರು ಪೂರ್ತಿ ಮುಗಿಯುವ ಮೊದಲೇ.

ಖಾದರಬಾಷಾ ಫೋನು ತೋರಿಸಿದರು. ಕೇದಾರಿ ಕಣ್ಣು ಸಣ್ಣದು ಮಾಡಿ ನೋಡಿದ.

"ಬಳ್ಳಿ. ನೀಲಿ ಹೂವ. ಗೊಂಚಲ ಜೋತು ಬಿದ್ದಾವ. ಐತ್ರಿ. ಸಸಿ ಇಲ್ಲ, ಬೀಜ ಐತಿ." ಡಬ್ಬಿಯಿಂದ ಮಿರಿಮಿರಿ ಮಿಂಚುವ ಆರು ಕಪ್ಪು ಬೀಜ ತೆಗೆದು ಕಾಗದದಲ್ಲಿ ಕಟ್ಟಿದ. "ಒಂದ ಮಳಿಗೆ ಹಬ್ಬತೈತ್ರಿ. ಖರೆ, ಹೂವ ಮುಗದು ಕಾಯಿ ಕಟ್ಟಿದ ಮ್ಯಾಲ ನೀವು..."

"ನನಗ ಗೊತ್ತೈತಿ."

"ಅಲ್ರಿ ಸಾಹೇಬ್ರ, ಕಾಯಿ ಒಣಗೂಕಿಂತ ಮೊದಲ..."

"ಗೊತ್ತೈತಿ ಅಂದ್ನೆಲ್ಲೋ. ಎಲ್ಲಾ ವಿಡಿಯೋದಾಗ ನೋಡೇನಿ," ಎಂದು ಖಾದರಬಾಷಾ ಪೊಟ್ಟಣ ಕಿಸೆಗೆ ಹಾಕಿ ನಡೆದರು. ಕುಲಗೋಡದ ಬಸ್ಸು ಹೊರಡಲು ನಿಂತಿತ್ತು. ಬಸ್ಸು ತಪ್ಪಿಸಿಕೊಂಡ ಕಂಟ್ರೋಲರ್ ಎನ್ನಿಸಿಕೊಳ್ಳುವುದು ಅವರಿಗೆ ಬೇಕಿರಲಿಲ್ಲ.

ಆರು ಬೀಜ ನೆಟ್ಟರು. ಆರೂ ಎದ್ದವು. ಎದ್ದವು ಎಂದರೆ ಸಾಲದು. ಬೆಳಿಗ್ಗೆ ತಂತಿಯ ಮೊದಲ ಎಳೆಯಲ್ಲಿದ್ದ ಕುಡಿ ಸಂಜೆಗೆ ಎರಡನೆಯ ಎಳೆ ಹಿಡಿಯುತ್ತಿತ್ತು. ಖಾದರಬಾಷಾ ಸುತಳಿ ಕಟ್ಟಿದರು, ಬಿದಿರು ನಿಲ್ಲಿಸಿದರು, ದಿನಾ ಎರಡು ಹೊತ್ತು ಸ್ಟೂಲಿನ ಮೇಲೆ ನಿಂತು ಬಳ್ಳಿಯ ಹಾಜರಿ ತೆಗೆದುಕೊಂಡರು. ಬಲಕ್ಕೆ ಸುತ್ತಿದರೆ ಅದು ಜಪಾನಿನದು, ಎಡಕ್ಕೆ ಸುತ್ತಿದರೆ ಚೀನಾದ್ದು ಎಂದು ಒಂದು ವಿಡಿಯೋ ಹೇಳಿತ್ತು. ಸ್ಟೂಲಿನ ಮೇಲಿಂದ ಬಗ್ಗಿ ನೋಡಿದ ಖಾದರಬಾಷಾ ಬಲಕ್ಕೆ ಎಂದರು. ಆಚೆ ಕಡೆ ಎಮ್ಮೆಗೆ ಮೇವು ಹಾಕುತ್ತ ಕೂತಲ್ಲಿಂದ ಕತ್ತೆತ್ತಿ ನೋಡಿದ ಶಿದ್ಲಿಂಗಪ್ಪ ಎಡಕ್ಕೆ ಎಂದ. ಅರ್ಧ ತಾಸು ವಾದವಾಯಿತು. ಸ್ಟೂಲು ಎತ್ತರದಲ್ಲಿದ್ದುದರಿಂದ ಜಪಾನು ಗೆದ್ದಿತು.

ಸಾಹಿರಾ ಒಂದು ಭಾನುವಾರ ಬಳ್ಳಿಯ ಎದುರು ನಿಂತು ಎಣಿಸಿದಳು. ಎಣಿಸುವುದು ಅವಳ ಉದ್ಯೋಗ. ಎಣಿಸಿ ಅಪ್ಪನನ್ನು ಕರೆದಳು.

"ಅಬ್ಬಾ, ಫೋಟೋದಾಗ ಒಂದೊಂದು ಕಡ್ಡಿಗೆ ಹನ್ನೊಂದು ಎಲಿ ಅದಾವ. ಇದಕ್ಕ ಮೂರಽ ಅದಾವ."

"ಹೊಸ ಜಾಗಾ, ಬೇಟಾ. ಇನ್ನೂ ಹೊಂದಿಕೊಳ್ಳಾಕತ್ತೈತಿ. ಉಳದ ಎಂಟು ಆಮ್ಯಾಲ ಬರ್ತಾವ."

ಎಂಟು ಎಲೆ ಬರಲಿಲ್ಲ. ಅಕ್ಟೋಬರದಲ್ಲಿ ಹೂವು ಬಂತು. ನೇರಳೆ ಬಣ್ಣದ ಉದ್ದ ಗೊಂಚಲುಗಳು ಬೇಲಿಯ ತುಂಬ ಜೋತಾಡಿದವು. ದೂರದಿಂದ ಕಣ್ಣು ಸ್ವಲ್ಪ ಕಿರಿದು ಮಾಡಿ ನೋಡಿದರೆ ಫೋನಿನ ಬೇಲಿಗೂ ಈ ಬೇಲಿಗೂ ವ್ಯತ್ಯಾಸವಿರಲಿಲ್ಲ. ತಿಪ್ಪೆ ಪೂರ್ತಿ ಮರೆಯಾಯಿತು. ವಿಸ್ಟೇರಿಯಾ ಹೂ ಬಿಡಲು ಏಳು ವರ್ಷವೂ ಹಿಡಿಯಬಹುದು ಎಂದು ವಿಡಿಯೋದವರು ಹೇಳಿದ್ದರು. ಖಾದರಬಾಷಾರದ್ದು ನಾಲ್ಕು ತಿಂಗಳಿಗೆ ಬಿಟ್ಟಿತ್ತು. ಇದರಿಂದ ಬಳ್ಳಿಯ ಬಗ್ಗೆ ಅನುಮಾನ ಬರುವ ಬದಲು ತಮ್ಮ ಕೈಗುಣದ ಬಗ್ಗೆ ಅವರಿಗೆ ಹೊಸ ಗೌರವ ಬಂತು.

"ಏಳು ವರ್ಷದ ದಾರಿ, ನಾಲ್ಕು ತಿಂಗಳಿಗೆ ಮುಟ್ಟೈತಿ," ಎಂದರು.

"ನೀವು ಕಂಟ್ರೋಲರ್ ಇದ್ದಾಗ ಬಸ್ಸರ ಹಿಂಗ ಮುಟ್ಟಿದ್ರ ಮಂದಿ ಹರಸ್ತಿದ್ರು," ಎಂದಳು ಸುಲ್ತಾನಾಬಿ.

ಒಂದು ದಿನ ಶಿದ್ಲಿಂಗಪ್ಪ ತಲೆಯ ಮೇಲಿನ ಟವೆಲು ತೆಗೆದು ಹೆಗಲಿಗೆ ಹಾಕಿಕೊಂಡು ಬೇಲಿಯ ಹತ್ತಿರ ಬಂದ. ಏನೋ ಮುಖ್ಯ ಮಾತು ಇದ್ದಾಗ ಅವನು ಹಾಗೆ ಮಾಡುತ್ತಿದ್ದ.

"ಸಾಹೇಬ್ರ, ಸಿಟ್ಟಾಗಬ್ಯಾಡ್ರಿ. ಮೇಲವಂಕಿ ಕಡೆ, ನಮ್ಮ ಹೆಣ್ತಿ ತವರಮನಿ ಹಳ್ಳದ ದಂಡಿಗೆ ಇಂಥಾದ ಒಂದು ಬಳ್ಳಿ..."

"ಶಿದ್ಲಿಂಗಪ್ಪ, ಹಳ್ಳದ್ದು ಬ್ಯಾರೆ, ಜಪಾನದ್ದು ಬ್ಯಾರೆ."

"ಹೌದೇಳ್ರಿ. ಓದಿದವ್ರು ನೀವು," ಎಂದು ಅವನು ಟವೆಲು ಮತ್ತೆ ತಲೆಗೆ ಹಾಕಿಕೊಂಡು ಹೋದ. ಮರುದಿನ ಶೆಟ್ಟೆವ್ವ ಬೇಲಿಯ ಬದಿಗಿದ್ದ ಬಟ್ಟೆ ಒಣಹಾಕುವ ಹಗ್ಗ ಬಿಚ್ಚಿ ಮನೆಯ ಹಿಂದೆ ಕಟ್ಟಿದಳು. ಎಮ್ಮೆಗಳ ಗೂಟವೂ ಇಪ್ಪತ್ತು ಹೆಜ್ಜೆ ಆಚೆ ಹೋಯಿತು. ನೆರೆಯವರು ಹೂವಿಗೆ ತೋರಿಸಿದ ಈ ಮರ್ಯಾದೆ ಖಾದರಬಾಷಾರ ಮನಸ್ಸಿಗೆ ತಟ್ಟಿತು.

ನವೆಂಬರದಲ್ಲಿ ಹೂವು ಕಡಿಮೆಯಾಗಿ ಕಾಯಿ ಕಟ್ಟಿತು. ಬೆರಳುದ್ದ, ಕೊಂಕಿದ ಕಾಯಿ. ಮೈತುಂಬ ಹೊಂಬಣ್ಣದ ನುಣುಪು ತುಪ್ಪಳ. ಮಖಮಲ್ಲು ಹೊದಿಸಿದ ಹಾಗೆ. ಖಾದರಬಾಷಾ ಫೋನು ತೆಗೆದು ನೋಡಿದರು. ವಿಸ್ಟೇರಿಯಾ ಕಾಯಿಗೂ ಮಖಮಲ್ಲಿನಂಥ ತುಪ್ಪಳ ಇರುತ್ತದೆ ಎಂದಿತ್ತು. ಅಲ್ಲಿಗೆ ಎಂಟು ಎಲೆಗಳ ಲೆಕ್ಕವನ್ನೂ ಅವರು ಚುಕ್ತಾ ಮಾಡಿದರು. ಯಾರೂ ಕಾಯಿಗೆ ಕೈ ಹಚ್ಚಕೂಡದು ಎಂದು ಮನೆಯಲ್ಲಿ ಕಟ್ಟಪ್ಪಣೆಯಾಯಿತು. ಆ ಒಂದು ಅಪ್ಪಣೆಯಿಂದ ಮನೆ ಡಿಸೆಂಬರದವರೆಗೆ ಸುಖವಾಗಿತ್ತು.

ಡಿಸೆಂಬರದಲ್ಲಿ ಯಮಕನಮರಡಿಯಿಂದ ಸಂಬಂಧ ಬಂತು. ಹುಡುಗ ನಾಸೀರ ಹೆದ್ದಾರಿಯ ಬದಿಗೆ ಲಾರಿ ರಿಪೇರಿಯ ಗ್ಯಾರೇಜು ಇಟ್ಟವನು. ಭಾನುವಾರ ಹನ್ನೊಂದಕ್ಕೆ ಬರುತ್ತೇವೆ ಎಂದರು. ಸುಲ್ತಾನಾಬಿ ಒಳಗೆ ಹಾಲ್‌ನಲ್ಲಿ ಕೂರಿಸೋಣ ಎಂದಳು.

"ಒಳಗ? ಆರು ತಿಂಗಳ ನಾನು ಯಾರ ಸಲುವಾಗಿ ಸ್ಟೂಲು ಏರೇನಿ?" ಎಂದರು ಖಾದರಬಾಷಾ. ಕುರ್ಚಿಗಳು ಬಳ್ಳಿಯ ಬುಡಕ್ಕೆ ಬಂದವು. ಕುರ್ಚಿಗಳಿಗೆ ಬಿಳಿ ಹೊದಿಕೆ ಬಂತು.

ಭಾನುವಾರ ಬೆಳಿಗ್ಗೆ ನೋಡಿದರೆ ಬಳ್ಳಿಯ ಮೇಲೆಲ್ಲ ದೂಳು. ಕಬ್ಬಿನ ಟ್ರ್ಯಾಕ್ಟರುಗಳು ಹಗಲಿಡೀ ಓಡಾಡುವ ಕಾಲ. ದೂಳು ಹಿಡಿದ ಜಪಾನನ್ನು ಬೀಗರಿಗೆ ತೋರಿಸುವುದೆಂತು? ಖಾದರಬಾಷಾ ಚಳಿಗೆಂದು ಮಂಕಿ ಟೋಪಿ, ಸ್ವೆಟರು, ಕೈಗವಸು ಹಾಕಿಕೊಂಡೇ ಸ್ಟೂಲು ಏರಿ, ಉದ್ದನೆಯ ಪೊರಕೆಯಿಂದ ಇಡೀ ಬಳ್ಳಿಯನ್ನು ಈ ತುದಿಯಿಂದ ಆ ತುದಿಯವರೆಗೆ ಝಾಡಿಸಿದರು. ಒಣಗಿದ ಕಾಯಿಗಳಿಂದ ಹೊಂಬಣ್ಣದ ಪುಡಿ ಎಳೆಬಿಸಿಲಿನಲ್ಲಿ ಮಿಂಚುತ್ತ ಮೆಲ್ಲಗೆ ಕೆಳಗಿಳಿದು ಬಿಳಿ ಹೊದಿಕೆಗಳ ಮೇಲೆ ಕೂತಿತು. ನೋಡಲು ಜರಿ ಚಿಮುಕಿಸಿದಂತಿತ್ತು. ಅವರು ಅದನ್ನು ಹಾಗೇ ಬಿಟ್ಟು, ಟೋಪಿ ಸ್ವೆಟರು ತೆಗೆದಿಟ್ಟು, ಸ್ನಾನ ಮಾಡಿ, ಅತ್ತರು ಹಚ್ಚಿಕೊಂಡು ಬಂದರು.

ಹನ್ನೊಂದಕ್ಕೆ ಕಾರು ಬಂತು. ಮೊದಲು ಇಳಿದವರು ಹುಡುಗನ ಸೋದರಮಾವ ಅಫ್ಜಲ. ಹದಿನಾಲ್ಕು ಲಾರಿಗಳ ಮಾಲೀಕರು. ಇಸ್ತ್ರಿ ಮಾಡಿದ ಬಿಳಿ ಬಟ್ಟೆ, ಇಸ್ತ್ರಿ ಮಾಡಿದಂಥ ಮುಖ. ಆ ಮನೆಯ ಎಲ್ಲ ತೀರ್ಮಾನ ಅವರದು. ಅವರ ಹಿಂದೆ ಹುಡುಗನ ತಾಯಿ ಜಹೀರಾ. ಕೊನೆಗೆ ನಾಸೀರ.

"ಬರ್ರಿ, ಬರ್ರಿ. ಇಲ್ಲೆ ಕುಂದರ್ರಿ. ಜಪಾನಿನ ಬಳ್ಳಿ. ಸುತ್ತ ಮೂರು ತಾಲೂಕಿನಾಗ ಇನ್ನೊಂದಿಲ್ಲ," ಎಂದು ಖಾದರಬಾಷಾ ಅವರನ್ನು ಬಳ್ಳಿಯ ಬುಡಕ್ಕೆ ಕೂರಿಸಿ ತಾವೂ ಎದುರಿಗೆ ಕೂತರು.

ಅಫ್ಜಲ ಮೇಲೆ ನೋಡಿ "ನೆಳ್ಳು ಐತಿ" ಎಂದರು. ಅವರ ಬಾಯಲ್ಲಿ ಅದು ದೊಡ್ಡ ಹೊಗಳಿಕೆ. ನಂತರ ಕೇಳಿದರು: "ಹುಡುಗಿ ಏನು ಓದ್ಯಾಳ?"

"ಎಂಎಸ್ಸಿ, ಬಿಎಡ್. ಗಣಿತ ಕಲಸ್ತಾಳ್ರಿ."

ಅಫ್ಜಲ ಕತ್ತನ್ನು ಒಮ್ಮೆ ಬಲಕ್ಕೆ ತಿರುಚಿದರು. ಗಣಿತ ಹಿಡಿಸಲಿಲ್ಲವೇನೋ ಎಂದು ಖಾದರಬಾಷಾರಿಗೆ ಅನಿಸಿತು.

"ಮನಿ ಕೆಲಸಾನೂ ಬರ್ತೈತ್ರಿ."

ಅಫ್ಜಲ ಕತ್ತನ್ನು ಎಡಕ್ಕೆ ತಿರುಚಿದರು.

"ಕುರಾನ್ ಷರೀಫ್ ಪೂರಾ ಓದ್ಯಾಳ್ರಿ."

ಅಫ್ಜಲರ ಬಲಭುಜ ಮೇಲೆದ್ದು ಕಿವಿಯನ್ನು ಮುಟ್ಟಿ ಇಳಿಯಿತು.

"ಬಿರಿಯಾನಿ ಬಾಳ ಚಲೋ ಮಾಡ್ತಾಳ್ರಿ," ಎಂದುಬಿಟ್ಟರು ಖಾದರಬಾಷಾ. ಸಾಹಿರಾ ಜನ್ಮದಲ್ಲಿ ಬಿರಿಯಾನಿ ಮಾಡಿದವಳಲ್ಲ. ಆದರೂ ಅಫ್ಜಲರ ಮುಖ ಸಡಿಲಾಗಲಿಲ್ಲ. ಹಲ್ಲು ಕಚ್ಚಿ ಕಣ್ಣು ಮುಚ್ಚಿದರು.

ಬಾಜೂ ಕುರ್ಚಿಯಲ್ಲಿ ಜಹೀರಾ ಬೆನ್ನನ್ನು ಕುರ್ಚಿಗೆ ಒತ್ತಿ ಮೇಲೆ ಕೆಳಗೆ ಸರಿಯುತ್ತಿದ್ದರು. "ಬಳ್ಳಿ," ಎಂದು ಮೇಲೆ ಹೋದರು. "ಬಾಳ," ಎಂದು ಕೆಳಗೆ ಬಂದರು. "ಚಂದ ಐತಿ," ಎಂದು ಮತ್ತೆ ಮೇಲೆ ಹೋದರು. ನಾಸೀರ ಎರಡೂ ಅಂಗೈಗಳನ್ನು ತೊಡೆಯ ಕೆಳಗೆ ಒತ್ತಿಟ್ಟುಕೊಂಡು ಕೆಂಪಗಾಗಿ ಕೂತಿದ್ದ. ಹುಡುಗ ನಾಚಿಕೆಯವನು, ಒಳ್ಳೆಯ ಲಕ್ಷಣ ಎಂದುಕೊಂಡರು ಖಾದರಬಾಷಾ.

ಅಷ್ಟರಲ್ಲಿ ಅವರ ಕಾಲರಿನ ಒಳಗೆ ಏನೋ ಶುರುವಾಯಿತು. ಮೂವತ್ತೊಂದು ವರ್ಷದ ನೌಕರಿಯಲ್ಲಿ ಪಗಾರದ ಕಡಿತ ನೋಡಿದ್ದರು. ಹಳ್ಳಿಗೆ ಬಂದ ಮೇಲೆ ಕರೆಂಟಿನ ಕಡಿತ ನೋಡಿದ್ದರು. ಈ ಮೂರನೆಯ ಕಡಿತದ ಮುಂದೆ ಅವೆರಡೂ ಏನೂ ಅಲ್ಲ. ಕುತ್ತಿಗೆಯಿಂದ ಹೊರಟಿದ್ದು ಎಲ್ಲಿಯೂ ನಿಲ್ಲದೆ ನೇರವಾಗಿ ಸೊಂಟ ಮುಟ್ಟಿತು. ಆದರೆ ಬೀಗರ ಮುಂದೆ ಕೆರೆದುಕೊಳ್ಳುವುದುಂಟೇ? ಬೀಗರೂ ಅದನ್ನೇ ಯೋಚಿಸುತ್ತಿದ್ದರು. ಹೀಗೆ ನಾಲ್ವರು ಮರ್ಯಾದಸ್ಥರು ಒಬ್ಬರನ್ನೊಬ್ಬರು ನೋಡುತ್ತ, ಒಬ್ಬರ ಕಣ್ಣಲ್ಲಿ ಇನ್ನೊಬ್ಬರು ನೀರು ಕಾಣುತ್ತ, ಕುರ್ಚಿ ಹಿಡಿದು ಕೂತರು. ಸಂಬಂಧದ ಮಾತುಕತೆಯಲ್ಲಿ ಎರಡೂ ಕಡೆಯವರು ಇಷ್ಟು ಭಾವುಕರಾದದ್ದನ್ನು ಕುಲಗೋಡ ಕಂಡಿರಲಿಲ್ಲ.

ಸಾಹಿರಾ ಚಹಾದ ಟ್ರೇ ಹಿಡಿದು ಬಂದಳು. ಆಗ ನಾಸೀರ ಎದ್ದು ನಿಂತ.

"ಮಾಮು, ಮಾಫ್ ಮಾಡ್ರಿ. ಇನ್ನ ನನಗ ತಡಕೊಳ್ಳಾಕ ಆಗೂದಿಲ್ಲ," ಎಂದವನೇ ಎರಡೂ ಕೈಗಳಿಂದ ಕುತ್ತಿಗೆ, ಬೆನ್ನು, ಮೊಣಕೈ ಎನ್ನದೆ ಕೆರೆದುಕೊಳ್ಳಲು ಶುರು ಮಾಡಿದ.

ಅದೇ ಅಪ್ಪಣೆಗಾಗಿ ಕಾದಿದ್ದವರಂತೆ ಅಫ್ಜಲ ಎದ್ದರು. ಜಹೀರಾ ಎದ್ದರು. ಖಾದರಬಾಷಾ ಎದ್ದರು. ಎಂಟು ಕೈ ಒಟ್ಟಿಗೆ ಕೆಲಸಕ್ಕೆ ಇಳಿದವು. ಐದು ವರ್ಷದಿಂದ ಎಂಟನೆಯ ತರಗತಿಯನ್ನು ಸಂಭಾಳಿಸುತ್ತಿದ್ದ ಸಾಹಿರಾ ಕೂಡ ಇಂಥದನ್ನು ನೋಡಿರಲಿಲ್ಲ.

"ಅಬ್ಬಾ, ಏನಾತು?"

"ಇರುವಿ! ಇರುವಿ ಇರಬೇಕು! ನೀರು ತಗೊಂಬಾ!" ಎಂದು ಖಾದರಬಾಷಾ ಯಾರಿಗೂ ಕಾಯದೆ ತಾವೇ ಓಡಿ, ಒಂದು ಬಕೆಟು ನೀರು ತಂದು, ಬೀಗರ ಬೆನ್ನಿಗೆ ತಮ್ಮ ಕೈಯಾರೆ ಸುರಿದರು. ಒದ್ದೆಯಾದಲ್ಲೆಲ್ಲ ಕಡಿತ ಇಮ್ಮಡಿಯಾಯಿತು. ಅಫ್ಜಲ ಅಂಗಳದಲ್ಲಿ ಒಂದು ಸುತ್ತು ಓಡಿ ಬಂದರು.

"ಯಾರದು ನೀರು ಹಾಕಿದವ್ರು?" ಬೇಲಿಯ ಆಚೆಯಿಂದ ಶೆಟ್ಟೆವ್ವನ ದನಿ ಬಂತು. "ನೀರು ಹಾಕಬ್ಯಾಡ್ರೀ! ಅದು ನಸಗುನ್ನಿ!"

ನಸಗುನ್ನಿ ಎಂದರೆ ಹಳ್ಳದ ದಂಡೆಯ ಪೊದೆಗಳಲ್ಲಿ ಹಬ್ಬುವ ಕಾಡುಬಳ್ಳಿ. ಹೂವು ಬಿಟ್ಟಾಗ ಅದು ಜಪಾನಿನಂತೆಯೇ ಕಾಣುತ್ತದೆ. ಕಾಯಿ ಒಣಗಿ, ಮೈ ಕಡಿಸುವ ಅದರ ತುಪ್ಪಳ ಗಾಳಿಗೆ ಬಿದ್ದ ಮೇಲೆ ಹಾಗೆ ಕಾಣುವುದಿಲ್ಲ.

ಸುಲ್ತಾನಾಬಿ ಒಳಗಿನಿಂದ ಓಡಿ ಬಂದಳು. "ಅಯ್ಯ ಶೆಟ್ಟೆವ್ವ, ಗೊತ್ತಿದ್ರ ಮೊದಲಽ ಯಾಕ ಹೇಳಲಿಲ್ಲ?"

"ನಮ್ಮವ್ರು ಹೇಳಾಕ ಬಂದಿದ್ರು, ಅಕ್ಕಾ. ಸಾಹೇಬ್ರು ಜಪಾನ ಅಂದ್ರು. ಔಷಧಕ್ಕ ಬೆಳಸಾಕತ್ತಾರ ಬಿಡು ಅಂತ ಸುಮ್ನಾದ್ವಿ. ಅದರ ಬುಡಕ್ಕ ಬೀಗರನ್ನ ತಂದು ಕುಂದರಸ್ತಾರ ಅಂತ ನಮಗೇನ ಕನಸ ಬಿದ್ದಿತ್ತು? ಲಗೂನ ಎಲ್ಲಾರೂ ಈ ಕಡೆ ಬರ್ರಿ. ಹಸಿ ಸಗಣಿ ಹಚ್ಚಿ ಒಣಗಿಸಿ ತಗದ್ರ ಆ ತುಪ್ಪಳದ ಮುಳ್ಳೂ ಅದರ ಜೋಡಿ ಕಿತ್ತು ಬರ್ತಾವ."

ಹೀಗೆ ಯಮಕನಮರಡಿಯ ಬೀಗರು ಬೇಲಿಯ ಸಣ್ಣ ಗೇಟು ದಾಟಿ, ಆರು ತಿಂಗಳಿನಿಂದ ಅವರಿಗಾಗಿಯೇ ಮರೆಮಾಡಿದ್ದ ತಿಪ್ಪೆಯನ್ನು ಬಳಸಿಕೊಂಡು, ಶಿದ್ಲಿಂಗಪ್ಪನ ದನದ ಕೊಟ್ಟಿಗೆಗೆ ಬಂದರು.

ನಾಸೀರ ಅಂಗಿಯ ತೋಳು ಮಡಚಿದ. ಮೊದಲು ತಾಯಿಯ ಕೈಗಳಿಗೆ, ಕುತ್ತಿಗೆಗೆ ಮೆಲ್ಲಗೆ ಸಗಣಿ ಹಚ್ಚಿದ. ತಾನು ಅಷ್ಟು ಹೊತ್ತು ಕೆರೆದುಕೊಳ್ಳುತ್ತಲೇ ಇದ್ದ. ಸಾಹಿರಾ ಬುಟ್ಟಿ ಹಿಡಿದು ನಿಂತಿದ್ದಳು.

"ಟೀಚರ್, ಇದು ಎಷ್ಟು ಹೊತ್ತು ಒಣಗಬೇಕ್ರಿ?"

"ನಾನು ಗಣಿತ ಕಲಸ್ತೇನ್ರಿ, ಸಗಣಿ ಅಲ್ಲ."

ನಾಸೀರ ಸಗಣಿ ಕೈಯಲ್ಲೇ ನಕ್ಕ. ಸಾಹಿರಾ ಕೂಡ ನಕ್ಕಳು. ಹಿಂದೆ ಬಂದ ಎರಡು ಕಡೆಯವರ ಮುಂದೆ ಮಗಳು ನಕ್ಕದ್ದು ಖಾದರಬಾಷಾರಿಗೆ ನೆನಪಿರಲಿಲ್ಲ. ಆದರೆ ಅದರ ಬಗ್ಗೆ ಯೋಚಿಸುವ ಸ್ಥಿತಿಯಲ್ಲಿ ಅವರಿರಲಿಲ್ಲ. ಶಿದ್ಲಿಂಗಪ್ಪ ಅವರ ಬೆನ್ನಿಗೆ ಗೋಡೆ ಸಾರಿಸುವ ಹಾಗೆ ಸಾರಿಸುತ್ತಿದ್ದ.

ಅಫ್ಜಲ ಮಾತ್ರ ಬಾಗಿಲಲ್ಲೇ ನಿಂತರು. "ನಾನು ಹಚ್ಚಿಕೊಳ್ಳಾಂಗಿಲ್ಲ. ಹದಿನಾಲ್ಕು ಲಾರಿ ಅದಾವ ನನ್ನವು."

ಲಾರಿಗೂ ಸಗಣಿಗೂ ಏನು ಸಂಬಂಧ ಎಂದು ಯಾರೂ ಕೇಳಲಿಲ್ಲ. ನಾಲ್ಕು ನಿಮಿಷ ಕಳೆಯಿತು. ಅಫ್ಜಲ ಬಾಗಿಲ ಚೌಕಟ್ಟಿಗೆ ಬೆನ್ನು ಹಚ್ಚಿ ಒಮ್ಮೆ ಕೂತೆದ್ದರು. ಮತ್ತೊಮ್ಮೆ ಕೂತೆದ್ದರು.

"ಅಲ್ರಿ," ಎಂದರು ಕೊನೆಗೆ, ಶಿದ್ಲಿಂಗಪ್ಪನ ಕಡೆ ನೋಡದೆ. "ಇನ್ನೂ ಉಳದೈತೇನು?"

"ಮೂರು ಎಮ್ಮಿ ಅದಾವ್ರಿ. ಕಡಿಮಿ ಬೀಳಾಂಗಿಲ್ಲ," ಎಂದ ಶಿದ್ಲಿಂಗಪ್ಪ.

ಐದು ನಿಮಿಷದ ಮೇಲೆ ಇಬ್ಬರು ಹಿರಿಯರು ಸೊಂಟದವರೆಗೆ ಬರಿಮೈಯಲ್ಲಿ, ಕುತ್ತಿಗೆಯಿಂದ ಸೊಂಟದವರೆಗೆ ಸಗಣಿ ಮೆತ್ತಿಕೊಂಡು, ಅಕ್ಕಪಕ್ಕ ಬಿಸಿಲಿಗೆ ಬೆನ್ನು ಮಾಡಿ ಕೂತು ಒಣಗುತ್ತಿದ್ದರು. ಎಮ್ಮೆಯೊಂದು ಇಬ್ಬರನ್ನೂ ತಿರುಗಿ ನೋಡಿ ಮೆಲುಕು ಹಾಕಿತು.

"ಸಾಹೇಬ್ರ," ಎಂದರು ಅಫ್ಜಲ, "ಜಪಾನ ಅಂದ್ರೆಲ್ಲ ನೀವು."

"ಅಂದಿದ್ದೆ ನೋಡ್ರಿ."

"ಜಪಾನದಾಗೂ ಹಿಂಗಽ ಒಣಗಸ್ತಾರೇನು?"

ಮೂವತ್ತೊಂದು ವರ್ಷದಲ್ಲಿ ಸಾವಿರಾರು ಪ್ರಯಾಣಿಕರ ಪ್ರಶ್ನೆಗೆ ಉತ್ತರ ಕೊಟ್ಟ ಖಾದರಬಾಷಾ ಈ ಪ್ರಶ್ನೆ ಬಂದಾಗ ಎಮ್ಮೆಯ ಕಡೆ ಮುಖ ತಿರುಗಿಸಿದರು.

ಸಗಣಿ ಉದುರಿಸಿ, ಸ್ನಾನ ಮಾಡಿ ಮುಗಿಯುವಾಗ ಎರಡು ಗಂಟೆ. ಮತ್ತೆ ಬಳ್ಳಿಯ ಕೆಳಗೆ ಹಾಯಲು ಯಾರಿಗೂ ಧೈರ್ಯವಿರಲಿಲ್ಲ. ಶೆಟ್ಟೆವ್ವನ ಪಡಸಾಲೆಯಲ್ಲೇ ಎಲ್ಲರೂ ಸಾಲಾಗಿ ಕೂತು ರೊಟ್ಟಿ, ಝುಣಕ, ಮೊಸರು ಉಂಡರು. ಸುಲ್ತಾನಾಬಿ ಬೆಳಗಿನಿಂದ ದಮ್ ಕಟ್ಟಿದ್ದ ಬಿರಿಯಾನಿ ಸುತ್ತುಬಳಸಿ ಬೀದಿಯ ಕಡೆಯಿಂದ ಡಬ್ಬಿಯಲ್ಲಿ ಕಾರಿಗೆ ಹೋಯಿತು. ಬಟ್ಟೆಗಳೆಲ್ಲ ನೆನೆದಿದ್ದರಿಂದ ಜಹೀರಾ ಶೆಟ್ಟೆವ್ವನ ಇಳಕಲ್ ಸೀರೆ ಉಟ್ಟಿದ್ದರು. ಅಫ್ಜಲ ಶಿದ್ಲಿಂಗಪ್ಪನ ಧೋತರ, ಅಂಗಿ ತೊಟ್ಟು, ಬಿಸಿಲು ಎಂದು ಅವನು ಕೊಟ್ಟ ರುಮಾಲನ್ನೂ ಸುತ್ತಿಕೊಂಡು ಕಾರು ಹತ್ತಿದರು. ಸಂಬಂಧದ ಬಗ್ಗೆ ಒಂದು ಮಾತೂ ಆಡಲಿಲ್ಲ. ಕಾರು ತಿರುವಿನಲ್ಲಿ ಮರೆಯಾಗುವಾಗ ಹಿಂದಿನ ಗಾಜಿನಲ್ಲಿ ಮೂರು ಮೊಣಕೈ ಇನ್ನೂ ಆಡುತ್ತಿದ್ದವು.

"ಎರಡು ಸಂಬಂಧ ತಿಪ್ಪಿಯಿಂದ ಹೋದ್ವು ಅಂದ್ರಿ," ಎಂದಳು ಸುಲ್ತಾನಾಬಿ. "ಇದು ಯಾವುದರಿಂದ ಹೋತು, ಹೇಳ್ರಿ."

ಖಾದರಬಾಷಾ ಎದ್ದು ಒಳಗೆ ಹೋದರು. ಆ ರಾತ್ರಿ ಅವರಿಗೆ ಊಟ ಸೇರಲಿಲ್ಲ. ಮಗಳ ಮದುವೆಯನ್ನು ತಮ್ಮ ಕೈಯಾರೆ ಪೊರಕೆಯಿಂದ ಝಾಡಿಸಿಬಿಟ್ಟೆ ಎಂಬುದು ಕಡಿತಕ್ಕಿಂತ ಹೆಚ್ಚು ಸುಡುತ್ತಿತ್ತು. ಮರುದಿನ ಶಿದ್ಲಿಂಗಪ್ಪ ರೇನ್‌ಕೋಟು ಹಾಕಿಕೊಂಡು ಬಂದು, ಬಳ್ಳಿಗೆ ನೀರು ಸಿಂಪಡಿಸಿ ಪೂರ್ತಿ ತೋಯಿಸಿ, ಬುಡಸಮೇತ ಕಿತ್ತು ಗುಂಡಿ ತೋಡಿ ಹೂತ. ಬೇಲಿ ಬೋಳಾಯಿತು. ಎದುರಿಗೆ ತಿಪ್ಪೆ ಮೊದಲಿನ ಜಾಗದಲ್ಲೇ ಇತ್ತು. ಈಗ ಅದನ್ನು ನೋಡಿದರೆ ಖಾದರಬಾಷಾರಿಗೆ ಯಾವ ದೂರೂ ಇರಲಿಲ್ಲ.

ಗುರುವಾರ ಸಂಜೆ ಫೋನು ಬಂತು. ಅಫ್ಜಲರದು. ಖಾದರಬಾಷಾ ಎದ್ದು ನಿಂತು ಕಿವಿಗೆ ಹಿಡಿದರು.

"ಸಾಹೇಬ್ರ, ನಾವು ಮನ್ಯಾಗ ಎಲ್ಲಾರೂ ಕುಂತು ಮಾತಾಡಿದ್ವಿ," ಎಂದರು ಅಫ್ಜಲ. "ನಮ್ಮ ತಂಗಿ ಏನಂತಾಳಂದ್ರ, ಸಗಣಿ ಹಚ್ಚೂ ಮುಂದ ಹುಡುಗಿ ಮಾರಿ ಒಂದೀಟೂ ಗಂಟಿಕ್ಕಲಿಲ್ಲ. ಇಂಥಾಕಿ ನಮ್ಮ ಗ್ಯಾರೇಜಿನ ಮನಿಗೆ ಬೇಕು ಅಂತಾಳ. ಮತ್ತ ಹುಡುಗ ಹುಡುಗಿ ಇಬ್ಬರೂ ಒಪ್ಪಿದ ಮ್ಯಾಲ ಬ್ಯಾಡ ಅನ್ನಾಕ ನಾವ್ಯಾರು?"

"ಹುಡುಗಿ... ಒಪ್ಪ್ಯಾಳೇನ್ರಿ?"

"ನೀವು ಆಕಿ ಅಪ್ಪ ಅಲ್ಲೇನು?" ಎಂದರು ಅಫ್ಜಲ. "ಇರ್ಲಿ. ಒಂದ ಕರಾರು ಐತಿ. ನೀವು ಹುಡುಗಿನ ಕೊಡ್ರಿ ಸಾಕು. ಗಿಡ, ಬಳ್ಳಿ, ಬೀಜ ಏನೂ ಕಳಸಬ್ಯಾಡ್ರಿ. ಬರೂ ವಾರ ಶುಕ್ರವಾರ ನಮ್ಮ ಮನಿಗೆ ಊಟಕ್ಕ ಬರ್ರಿ, ತಾರೀಖು ಮಾಡೂಣು."

ಫೋನು ಇಟ್ಟ ಖಾದರಬಾಷಾ ಮಗಳ ಕಡೆ ತಿರುಗಿದರು. ಅವಳು ಮಕ್ಕಳ ನೋಟುಪುಸ್ತಕ ತಿದ್ದುತ್ತಿದ್ದಳು.

"ನೀ ಯಾವಾಗ ಒಪ್ಪಿದಿ?"

"ಅವತ್ತಽ, ಅಬ್ಬಾ. ನೀವು ಬಿಸಲಾಗ ಒಣಗಾಕತ್ತಿದ್ರಿ."

"ನಿನ್ನ ಅಮ್ಮಗ ಗೊತ್ತಿತ್ತೇನು?"

"ನನಗೂ ಗೊತ್ತಿತ್ತು, ಶೆಟ್ಟೆವ್ವಗೂ ಗೊತ್ತಿತ್ತು," ಎಂದಳು ಸುಲ್ತಾನಾಬಿ ಒಳಗಿನಿಂದ ಬರುತ್ತ. "ಅವರ ಕಡಿಂದ ಮಾತು ಬರ್ಲಿ ಅಂತ ಸುಮ್ನಿದ್ವಿ."

"ನಾಲ್ಕು ದಿನ ನನಗ ಅನ್ನ ಸೇರಿಲ್ಲ. ನನಗೊಂದು ಮಾತು ಹೇಳಬಾರದಾಗಿತ್ತೇನು?"

"ಹೇಳಬೇಕಂತ ಬಂದಿದ್ದೆ. ನಿಮ್ಮ ಎರಡೂ ಕೈ ಕೆಲಸದಾಗ ಇದ್ವು," ಎಂದಳು ಸಾಹಿರಾ.

ಖಾದರಬಾಷಾರಿಗೆ ಸಂತೋಷವಾಗಿತ್ತು. ಅದರ ಜೊತೆಗೆ ಸ್ವಲ್ಪ ನೋವೂ ಆಗಿತ್ತು. ಹುಡುಗನನ್ನು ಆರಿಸಿದವಳು ಮಗಳು. ಒಪ್ಪಿಗೆಯ ಗುಟ್ಟು ಕಾಪಾಡಿದವಳು ಹೆಂಡತಿ. ಮೈ ಉಳಿಸಿದವರು ನೆರೆಯವರು. ಅವರು ಎದೆ ಉಬ್ಬಿಸಿ, ಗಂಟಲು ಸರಿಮಾಡಿಕೊಂಡು ಕೇಳಿದರು:

"ಹಂಗಾರ ಈ ಮದುವಿಯಾಗ ಹುಡುಗಿ ಅಪ್ಪ ಅಂತ ನನ್ನ ಪಾಲಿಗೆ ಏನೂ ಕೆಲಸ ಇಲ್ಲೇನು?"

"ಯಾಕಿಲ್ಲ? ಐತಿ," ಎಂದು ಸುಲ್ತಾನಾಬಿ ನೇಲ್‌ಕಟರ್ ತಂದು ಅವರ ಕೈಗೆ ಇಟ್ಟಳು. "ಶುಕ್ರವಾರದೊಳಗ ಹತ್ತೂ ಉಗುರು ತಗೀರಿ. ಅವರ ಮನ್ಯಾಗ ಕುಂತು ಕೆರಕೊಂಡ್ರ ಈ ಸಲ ತಪ್ಪು ಬಳ್ಳಿ ಮ್ಯಾಲ ಹಾಕಾಕ ಬರಾಂಗಿಲ್ಲ."